"ಇವತ್ತು ಬರಬೇಡಿಮ್ಮಾ, ಡೇಟ್ ತಗೊಳ್ತೀವಿ"

ನಾನು ತಾಲ್ಲೂಕು ಕೋರ್ಟಿನಲ್ಲಿ ಜೂನಿಯರ್ ವಕೀಲನಾಗಿದ್ದಾಗಿನ ಮಾತು. ವಯಸ್ಸಾದ ಒಬ್ಬರು ಅಮ್ಮ ಸೈಟಿಗೆ ಮುಂಗಡ ಕೊಟ್ಟು ಕರಾರು ಮಾಡಿಕೊಂಡಿದ್ದರು. ಮಾರುವವನು ರಿಜಿಸ್ಟರ್ ಮಾಡಿಕೊಡಲಿಲ್ಲ. ದಾವೆ ಹಾಕಿದೆವು. ಅವರ ಅಫಿಡವಿಟ್ ಸಾಕ್ಷ್ಯವೂ ಆಯಿತು. ಪಾಟಿ ಸವಾಲು, ಅಂದರೆ ಎದುರು ವಕೀಲರು ಆಕೆಯನ್ನು ಪ್ರಶ್ನೆ ಕೇಳುವುದು, ಬಾಕಿ ಇತ್ತು.

ಸೀನಿಯರ್ ಜಿಲ್ಲಾ ಕೋರ್ಟಿಗೆ ಹೋದ ದಿನವೆಲ್ಲ ನಾನು ಆಕೆಗೆ ಫೋನ್ ಮಾಡಿ, "ಇವತ್ತು ಬರಬೇಡಿಮ್ಮಾ, ಡೇಟ್ ತಗೊಳ್ತೀವಿ" ಅನ್ನುತ್ತಿದ್ದೆ. ಹೀಗೆ 8 ಸಲ. ಸಿವಿಲ್ ಕೇಸು ನಡೆಸುವ ಕಾನೂನಾದ ಸಿಪಿಸಿಯ ಆರ್ಡರ್ 17 ಪ್ರಕಾರ ವಿಚಾರಣೆಯಲ್ಲಿ ಒಂದು ಪಕ್ಷಕ್ಕೆ 3 ಸಲಕ್ಕಿಂತ ಜಾಸ್ತಿ ಸಮಯ ಕೊಡುವಂತಿಲ್ಲ, ವಕೀಲರು ಬೇರೆ ಕೋರ್ಟಿನಲ್ಲಿದ್ದಾರೆ ಅನ್ನುವುದು ಕಾರಣವೇ ಅಲ್ಲ. ನಮಗೆ ಗೊತ್ತಿತ್ತು. ಕೇಳಿದಾಗೆಲ್ಲ ಸಿಕ್ಕಿದ್ದರಿಂದ ಅಭ್ಯಾಸವಾಗಿಬಿಟ್ಟಿತು.

9ನೇ ಸಲ ನಾನು ಪಕ್ಕದ ಹಾಲ್‌ನಲ್ಲಿದ್ದೆ. ಕೋರ್ಟಿನ ಜವಾನ ದಲಾಯತ್ ಕೇಸನ್ನು ಮೂರು ಸಲ ಕೂಗಿದ್ದಾನೆ. ನಮ್ಮ ಕಡೆಯಿಂದ ಯಾರೂ ಇರಲಿಲ್ಲ. ಎದುರು ಪಕ್ಷದವರು ಹಾಜರಿದ್ದರು. ದಾವೆ ಡಿಸ್ಮಿಸ್. ಸಂಜೆ ಬೆಂಚ್ ಕ್ಲರ್ಕ್ ಹತ್ತಿರ ಕೇಳಿ ಬರೆದುಕೊಳ್ಳೋಣ ಅಂತ ಡೈರಿಯಲ್ಲಿ ಮುಂದಿನ ಡೇಟಿನ ಜಾಗ ಖಾಲಿ ಬಿಟ್ಟಿದ್ದೆ. ಅದು ಖಾಲಿಯೇ ಉಳಿಯಿತು.

7 ತಿಂಗಳಾದ ಮೇಲೆ ಆಕೆಯೇ ಆಫೀಸಿಗೆ ಬಂದು, "ಸಾರ್, ನನ್ನ ಕೇಸು ಯಾವತ್ತು?" ಅಂದಾಗಲೇ ಗೊತ್ತಾಗಿದ್ದು. ಡಿಸ್ಮಿಸ್ ಆದ ದಾವೆಯನ್ನು ಮತ್ತೆ ತೆಗೆದುಕೊಳ್ಳಿ ಅಂತ ಅರ್ಜಿ ಹಾಕಲು ಇರುವುದು 30 ದಿನ. ಅದೇ ಕಾರಣದ ಮೇಲೆ ಹೊಸ ದಾವೆಯನ್ನೂ ಹಾಕುವಂತಿಲ್ಲ. ಉಳಿದಿದ್ದು ಲಿಮಿಟೇಶನ್ ಕಾಯ್ದೆಯ ಸೆಕ್ಷನ್ 5, ಅಂದರೆ ತಡವಾಗಿದ್ದನ್ನು ಮನ್ನಿಸಿ ಅನ್ನುವ ಅರ್ಜಿ.

ಅದಕ್ಕೆ ಆಫೀಸಿನಲ್ಲಿ ಹಳೆಯ ನಮೂನೆ ಇತ್ತು: "ಕಾಮಾಲೆಯಿಂದ ಹಾಸಿಗೆ ಹಿಡಿದಿದ್ದೆ." ಹೆಸರು ಬದಲಿಸಿ ಪ್ರಿಂಟ್ ತೆಗೆದೆ. ಓದಿ ಹೇಳಿದೆ. ಆಕೆ ಪೆನ್ನು ಹಾಗೇ ಹಿಡಿದುಕೊಂಡು, "ನನಗೆ ಕಾಮಾಲೆ ಆಗಿರಲಿಲ್ಲವಲ್ಲ ಸಾರ್. ಬರಬೇಡಿ ಅಂದಿದ್ದು ನೀವೇ ಅಲ್ವಾ?" ಅಂದರು.

ಆ ಹಾಳೆ ಹರಿದು ಹಾಕಿದೆ. ತಪ್ಪು ನಮ್ಮದು ಅಂತ ನಾನೇ ಅಫಿಡವಿಟ್ ಹಾಕಿದೆ. ವಕೀಲರ ತಪ್ಪಿಗೆ ಕಕ್ಷಿದಾರರು ಶಿಕ್ಷೆ ಅನುಭವಿಸಬಾರದು ಅಂತ ಸುಪ್ರೀಂ ಕೋರ್ಟ್ 1981ರಲ್ಲಿ ರಫೀಕ್ ಕೇಸಿನಲ್ಲಿ ಹೇಳಿದ್ದನ್ನೂ ಮುಂದಿಟ್ಟೆವು. ನ್ಯಾಯಾಧೀಶರು ಆರ್ಡರ್ ಶೀಟ್, ಅಂದರೆ ಪ್ರತಿ ಡೇಟಿಗೆ ಕೋರ್ಟಿನಲ್ಲಿ ಆಗಿದ್ದನ್ನು ಬರೆದಿಡುವ ದಾಖಲೆ, ಒಂದೊಂದೇ ಹಾಳೆ ತಿರುವಿದರು. ಪ್ರತಿ ಹಾಳೆಯಲ್ಲೂ ವಾದಿ ಪರ ಸಮಯ ಕೇಳಿದ್ದು, ಕೊನೆಯ ಎರಡರಲ್ಲಿ "ಕೊನೆಯ ಅವಕಾಶ". ಅರ್ಜಿ ವಜಾ ಆಯಿತು. ಆ ಹಾಳೆಗಳನ್ನು ನೋಡಿದ ಮೇಲೆ ಅವರನ್ನು ದೂರಲು ನನಗೆ ಬಾಯಿ ಬರಲಿಲ್ಲ. ಅಪೀಲಿನಲ್ಲಿ, ವೆಚ್ಚ ಕಟ್ಟಬೇಕು ಅನ್ನುವ ಷರತ್ತಿನ ಮೇಲೆ, ದಾವೆ ಮತ್ತೆ ವಿಚಾರಣೆಗೆ ವಾಪಸ್ ಬಂತು. ವೆಚ್ಚ ನಾವೇ ಕಟ್ಟಿದೆವು. ಅಷ್ಟರಲ್ಲಿ ಇನ್ನೂ ಒಂದೂವರೆ ವರ್ಷ ಹೋಗಿತ್ತು.

ಎಲ್ಲರಿಗೂ ಹೀಗೆ ವಾಪಸ್ ಸಿಗುವುದಿಲ್ಲ. ಕಕ್ಷಿದಾರರೂ ತಮ್ಮ ಕೇಸು ವಿಚಾರಿಸುತ್ತಿರಬೇಕಿತ್ತು ಅಂತ ಹೇಳಿ ವಜಾ ಮಾಡಿದ ಆದೇಶಗಳೂ ಬೇಕಾದಷ್ಟಿವೆ. ಅದಕ್ಕೇ ಈಗ ವಕಾಲತ್ತಿಗೆ ಸಹಿ ಹಾಕಿಸಿಕೊಂಡು ಕೇಸು ಹಾಕಿದ ಕೂಡಲೇ ಅದರ ಸಿಎನ್‌ಆರ್ ನಂಬರ್, ಅಂದರೆ ಪ್ರತಿ ಕೇಸಿಗೂ ಇರುವ ಗುರುತಿನ ಸಂಖ್ಯೆ, ಬರೆದುಕೊಡುತ್ತೇನೆ. ಮಗನ ಹತ್ತಿರವೋ ಮೊಮ್ಮಗಳ ಹತ್ತಿರವೋ ಇ-ಕೋರ್ಟ್ಸ್ ಆಪ್ ಹಾಕಿಸಿಕೊಂಡು ಡೇಟ್ ನೀವೇ ನೋಡಿ, ನಾನು ಬರಬೇಡಿ ಅಂದರೂ ಬನ್ನಿ ಅನ್ನುತ್ತೇನೆ.

ಆ ಅಮ್ಮನ ಪಾಟಿ ಸವಾಲು ಕೊನೆಗೂ ನಡೆಯಿತು. 40 ನಿಮಿಷಕ್ಕೆ ಮುಗಿಯಿತು.