ಮೊಟ್ಟೆ ಹಾಕದೇ ಆಗ್ತದಾ?

ಆಗ್ತದೆ. ಇಷ್ಟೇ ಬೇಕಿದ್ದವರು ಇಲ್ಲಿಂದಲೇ ಹೊರಡಬಹುದು.

ಉಳಿದವರಿಗೆ ಸ್ವಲ್ಪ ವಿವರ. ನಾನು ಶಿರಸಿ ಪೇಟೆಯಿಂದ ಹದಿನೈದು ಕಿಲೋಮೀಟರ್ ಆಚೆ, ಅಡಿಕೆ ತೋಟದ ಮನೆಯ ಹಿಂದಿನ ಜಗುಲಿಯಲ್ಲಿ ಕೂತು ಲೆಮನ್ ಬಾರ್ ಮಾಡುತ್ತೇನೆ. ಕೆಳಗೆ ಬೆಣ್ಣೆ, ಮೈದಾ, ಸಕ್ಕರೆಯ ಬಿಸ್ಕೀಟಿನಂಥ ತಳ. ಅದರ ಮೇಲೆ ಲಿಂಬೆರಸ, ಸಕ್ಕರೆ, ಮೊಟ್ಟೆ ಸೇರಿ ಬೆಂದ ಹುಳಿಸಿಹಿ ಹಳದಿ ಪದರ. ಪೂರ್ತಿ ತಣಿದ ಮೇಲೆ ಚೌಕ ಚೌಕ ಕತ್ತರಿಸುವುದು. ಬಾರ್ ಅಂದರೆ ನಮ್ಮಲ್ಲಿ ಬೇರೆಯೇ ಅರ್ಥ ಇರುವುದರಿಂದ ನೆಂಟರೆಲ್ಲ ಇದನ್ನು ಲಿಂಬೆ ಬರ್ಫಿ ಅಂತ ಕರೆದು ಮನೆತನದ ಮರ್ಯಾದೆ ಉಳಿಸಿದ್ದಾರೆ.

ತಿನ್ನುವ ಮೊದಲು ಕೇಳುವವರ ಮೇಲೆ ನನಗೆ ಸಿಟ್ಟಿಲ್ಲ. ಅವರು ಮೊಟ್ಟೆ ತಿನ್ನುವುದಿಲ್ಲ, ಕೇಳಬೇಕಾದದ್ದೇ. ಡಬ್ಬಿಯ ಮುಚ್ಚಳದ ಮೇಲೆ ಕೆಂಪು ಸ್ಕೆಚ್ ಪೆನ್ನಿನಲ್ಲಿ ‘ಮೊಟ್ಟೆ ಇದೆ’ ಅಂತ ದೊಡ್ಡದಾಗಿ ಬರೆದೇ ಕಳಿಸುತ್ತೇನೆ. ಸಿಟ್ಟು ಬರುವುದು ಕೇಳುವ ಧಾಟಿಗೆ. ಒಬ್ಬರ ಬಾಯಿಂದಲೂ ‘ಮೊಟ್ಟೆ’ ಅನ್ನುವ ಶಬ್ದ ಹೊರಡುವುದಿಲ್ಲ. ಮದುವೆ ಮನೆಯಲ್ಲಿ ಪಕ್ಕಕ್ಕೆ ಕರೆದು, ದನಿ ತಗ್ಗಿಸಿ, ‘ತಂಗೀ, ಇದ್ಕೆ ಅದು ಹಾಕಿದ್ಯನೇ?’ ಅನ್ನುತ್ತಾರೆ. ಯಾರ ಗಂಡ ಕುಡಿಯುತ್ತಾನೆ ಅಂತ ವಿಚಾರಿಸುವಾಗಲೂ ಇದೇ ಬಾಯಿಗಳು ಇಷ್ಟು ದನಿ ತಗ್ಗಿಸಿದ್ದಿಲ್ಲ. ಇನ್ನು ಕೆಲವರಿಗೆ ಸಮಾಧಾನ ಬೇಕು: ‘ಸ್ವಲ್ಪೇ ಹಾಕೋದು, ಅಲ್ದಾ?’ ಸ್ವಲ್ಪ ಅಲ್ಲ. ಎಂಟು ಇಂಚಿನ ಚೌಕ ಟಿನ್ನಿಗೆ ಮೂರು. ಎಲ್ಲರಿಗಿಂತ ಮೇಲೆ ನಮ್ಮ ಬೆಂಗಳೂರಿನ ಹುಡುಗರು. ಅಲ್ಲಿ ದಿನಾ ಬೆಳಿಗ್ಗೆ ಆಮ್ಲೆಟ್ ತಿಂದು, ಬಸ್ಸು ಹಾವೇರಿ ದಾಟುತ್ತಲೇ ಶುದ್ಧವಾಗಿ, ಮನೆ ಅಂಗಳದಲ್ಲಿ ಇಳಿದು, ‘ಎಗ್‌ಲೆಸ್ ಮಾಡ್ಬಹುದಿತ್ತಲ್ಲ ಅಕ್ಕಾ’ ಅನ್ನುತ್ತಾರೆ.

ನಮ್ಮ ಮನೆಯ ಏರ್ಪಾಡು ಏನು ಅಂತ ಕೆಲವರಿಗೆ ಹೊಟ್ಟೆಯೊಳಗೇ ಕುತೂಹಲ, ಅದನ್ನೂ ಹೇಳಿಬಿಡುತ್ತೇನೆ. ಓಟಿಜಿ, ಅಂದರೆ ಕರೆಂಟಿನ ಪುಟ್ಟ ಓವನ್, ತಂದ ದಿನ ಅತ್ತೆ ಹೇಳಿದ್ದು ಒಂದೇ ಮಾತು: ‘ಒಳಗೊಂದು ತರಡ.’ ತರಬೇಡ ಅಂದದ್ದು, ತಂದಿಲ್ಲ. ಅಡಿಕೆ ಸುಲಿಯುವ ಜಗುಲಿಯ ಮೂಲೆಯಲ್ಲಿ ಓಟಿಜಿ, ಅದರ ಪಕ್ಕ ಒಂದು ಸ್ಟೀಲ್ ಬೋಗುಣಿ, ಒಂದು ಕಡೆಯುವ ಕಡ್ಡಿ, ತೊಳೆಯಲು ಹೊರಗಿನ ನಲ್ಲಿ. ಆರು ವರ್ಷವಾಯಿತು. ಈ ಒಪ್ಪಂದವನ್ನು ಅವರೂ ಮುರಿದಿಲ್ಲ, ನಾನೂ ಮುರಿದಿಲ್ಲ. ಮನೆಯಲ್ಲಿ ಮುಗಿದ ಮಾತು ಊರಲ್ಲಿ ಮಾತ್ರ ಮುಗಿಯುತ್ತಿಲ್ಲ.

ಈಗ ಉತ್ತರ. ಮೊಟ್ಟೆ ಇದರಲ್ಲಿರುವುದು ರುಚಿಗಲ್ಲ, ಕೂಲಿಗೆ. ಲಿಂಬೆರಸ ನೀರು, ನೀರನ್ನು ಯಾರಾದರೂ ಹಿಡಿದು ನಿಲ್ಲಿಸಬೇಕು. ಮೊಟ್ಟೆಯ ಬಿಳಿ 60 ಡಿಗ್ರಿ ದಾಟುತ್ತಲೇ ಗಟ್ಟಿಯಾಗಲು ಶುರು, ಹಳದಿ 65ರಿಂದ 70ರ ನಡುವೆ, ಸಕ್ಕರೆ ಜಾಸ್ತಿ ಇದ್ದರೆ ಇನ್ನೂ ಸ್ವಲ್ಪ ಮೇಲೆ. ಆ ಬಿಸಿಗೆ ಪ್ರೋಟೀನಿನ ಎಳೆ ಬಿಚ್ಚಿಕೊಂಡು ಒಂದಕ್ಕೊಂದು ತೊಡರಿ ಬಲೆಯಾಗುತ್ತದೆ, ರಸ ಅದರೊಳಗೆ ಸಿಕ್ಕಿಬೀಳುತ್ತದೆ. ಚಾಕು ಇಟ್ಟರೆ ನೇರ ಇಳಿಯಬೇಕು, ಬಾಯಲ್ಲಿಟ್ಟರೆ ಕರಗಬೇಕು. ಎರಡನ್ನೂ ಒಟ್ಟಿಗೆ ಮಾಡುವ ಕೂಲಿಯಾಳು ನನಗೆ ಬೇರೆ ಸಿಕ್ಕಿಲ್ಲ.

ಬದಲಿಗೆ ಬಂದವರನ್ನೂ ಬಲ್ಲೆ. ಕಂಡೆನ್ಸ್‌ಡ್ ಮಿಲ್ಕಿಗೆ ಲಿಂಬೆರಸ ಹಿಂಡಿದರೆ ಒಲೆ ಮುಟ್ಟಿಸದೆಯೇ ದಪ್ಪವಾಗುತ್ತದೆ, ಹುಳಿಗೆ ಹಾಲಿನ ಪ್ರೋಟೀನ್ ಕೂಡಿಕೊಳ್ಳುವುದರಿಂದ. ಚೆನ್ನಾಗಿಯೇ ಇರುತ್ತದೆ, ಆದರೆ ಲಿಂಬೆ ಹಿಂದೆ ಸರಿದು ಪೇಡೆ ಮುಂದೆ ಬರುತ್ತದೆ. ಎಗ್‌ಲೆಸ್ ಬೇಕೇ ಬೇಕು ಅನ್ನುವವರಿಗೆ ನಾನು ಮಾಡಿಕೊಡುವುದು ಇದನ್ನೇ. ಕಡಲ ಪಾಚಿಯಿಂದ ಮಾಡುವ ಚೈನಾ ಗ್ರಾಸ್ ಹಾಕಿದರೆ ಅಂಚು ಗಾಜಿನ ಹಾಗೆ ಬರುತ್ತದೆ, ಬಾಯಲ್ಲೂ ಹಾಗೇ. ಈ ಹಳದಿ ಪದರದಂಥದ್ದಕ್ಕೆ ಇರುವ ಲೆಮನ್ ಕರ್ಡ್ ಅನ್ನುವ ಹೆಸರು ಕೇಳಿ ಮೊಸರು ಹಾಕಿದವರೊಬ್ಬರು ನನಗೇ ಫೋಟೋ ಕಳಿಸಿ ‘ಯಾಕೆ ಹೀಗಾಯ್ತು’ ಅಂತ ಕೇಳಿದ್ದರು. ಆ ಕರ್ಡಿನಲ್ಲಿ ಮೊಸರಿಲ್ಲ, ತಾಯೀ. ಇನ್ನೊಬ್ಬರು, ಮೊಟ್ಟೆಯ ನೆರಳು ಬಿದ್ದರೆ ಸ್ನಾನ ಮಾಡುವಂಥವರು, ‘ಜೆಲಟಿನ್ ಹಾಕು, ಬರೀ ಪುಡಿ ಅದು’ ಅಂದರು. ದನದ, ಹಂದಿಯ ಚರ್ಮ ಮೂಳೆ ಬೇಯಿಸಿ ತೆಗೆಯುವ ಪುಡಿ. ಅವರಿಗೆ ಇದನ್ನು ಹೇಳಲೋ ಬೇಡವೋ ಅಂತ ಒಂದು ವಾರ ಯೋಚಿಸಿ, ಹೇಳಿದೆ. ಆಮೇಲೆ ಅವರು ನಮ್ಮ ಮನೆಗೆ ಬಂದಿಲ್ಲ.

ಕಾರ್ನ್‌ಫ್ಲೋರ್ ಒಂದು ಉಳಿಯಿತು. ಅದರ ಕತೆ ಹೇಳದಿದ್ದರೆ ದೊಡ್ಡಾಯಿ, ಅಂದರೆ ನಮ್ಮ ದೊಡ್ಡಮ್ಮ, ಸುಮ್ಮನಿರುವುದಿಲ್ಲ.

ಚೌತಿಯ ಮರುದಿನ. ಸಿದ್ದಾಪುರದ ಕಡೆಯಿಂದ ದೊಡ್ಡಾಯಿ ಬಂದಿದ್ದಳು. ‘ಯಂಗೂ ಒಂದ್ಸಲ ಮಾಡಿ ಕೊಡೇ ಕೂಸೇ, ಅದು ಹಾಕದೇ’ ಅಂದಳು. ಎಪ್ಪತ್ತು ದಾಟಿದವಳು ಬಾಯಿಬಿಟ್ಟು ಕೇಳಿದ್ದಾಳೆ, ಇಲ್ಲ ಅನ್ನಲಾಗುತ್ತದೆಯೇ? ಓಟಿಜಿಯಲ್ಲಿ ತಳ ಬೇಯಲು ಇಟ್ಟೆ. ಇತ್ತ ಗ್ಯಾಸಿನ ಮೇಲೆ ಕಾರ್ನ್‌ಫ್ಲೋರ್, ಸಕ್ಕರೆ, ನೀರು, ಲಿಂಬೆರಸ ಎಲ್ಲ ಒಟ್ಟಿಗೇ ಸುರಿದು ಕೆದಕತೊಡಗಿದೆ. ಅಷ್ಟರಲ್ಲಿ ಗಾಳಿಮಳೆ, ಕರೆಂಟು ಹೋಯಿತು. ತಳ ಅರೆಬೆಂದು ಕೂತಿತು. ಈಗ ಬರುತ್ತದೆ, ಆಗ ಬರುತ್ತದೆ ಅಂತ ಉರಿ ಸಣ್ಣ ಮಾಡಿ ಕೆದಕುತ್ತಲೇ ಇದ್ದೆ. ಮೊದಲು ಮಣ್ಣಿಯ ಹಾಗೆ ಗಟ್ಟಿಯಾಗಿ ಮಿರಮಿರ ಹೊಳೆಯಿತು. ಸೌಟು ನಿಂತಿತು. ಖುಷಿಯಾಯಿತು. ಆಮೇಲೆ ನನ್ನ ಕಣ್ಣೆದುರೇ ಸಡಿಲಾಗುತ್ತ, ಸಡಿಲಾಗುತ್ತ, ಸೌಟಿನಿಂದ ತಂಬುಳಿಯ ಹಾಗೆ ಸುರಿಯತೊಡಗಿತು. ಹುಳಿಯಲ್ಲಿ ತುಂಬಾ ಹೊತ್ತು ಕುದಿಸಿದರೆ ಪಿಷ್ಟ ಒಡೆದು ತೆಳ್ಳಗಾಗುತ್ತದೆ, ಅದಕ್ಕೇ ರಸವನ್ನು ಕೊನೆಗೆ, ಒಲೆಯಿಂದ ಇಳಿಸಿ ಹಾಕಬೇಕು ಅಂತ ಗೊತ್ತಾದದ್ದು ಎಷ್ಟೋ ತಿಂಗಳ ಮೇಲೆ. ಕರೆಂಟು ಬಂದದ್ದು ರಾತ್ರಿ. ಅರೆಬೆಂದ ತಳ ಕೊಟ್ಟಿಗೆಗೆ ಹೋಯಿತು. ಎಮ್ಮೆ ಯಾವ ಪ್ರಶ್ನೆಯನ್ನೂ ಕೇಳದೆ ತಿಂದಿತು.

ಬೆಳಿಗ್ಗೆ ಆಸರಿಗೆ ತೆಳ್ಳೇವು, ಅಂದರೆ ತಿಂಡಿಗೆ ತೆಳು ದೋಸೆ. ದೊಡ್ಡಾಯಿ ಆ ಪಾತ್ರೆಯನ್ನು ತಾನೇ ಎಳೆದುಕೊಂಡು, ಒಂದು ಸೌಟು ಬಡಿಸಿಕೊಂಡು, ಅದ್ದಿ ಅದ್ದಿ ನಾಲ್ಕು ತೆಳ್ಳೇವು ಮುಗಿಸಿದಳು. ‘ಗೊಜ್ಜು ಚೊಲೋ ಆಜು’ ಅಂದಳು.

ಹೀಗೆ ಹತ್ತಾರು ಸಲ ಮೊಟ್ಟೆಯ ವಿಚಾರಣೆ ಎದುರಿಸಿದ್ದೇನೆ. ಆದರೆ ಲಿಂಬೆ ಬರ್ಫಿ ಅಂತ ಹೆಸರಿಟ್ಟವರಲ್ಲಿ ಒಬ್ಬರಾದರೂ, ಇದಕ್ಕೆ ಯಾವ ಲಿಂಬೆ, ಎಷ್ಟು ಲಿಂಬೆ ಅಂತ ಕೇಳಿದ್ದಾರಾ? ಇಲ್ಲ. ಕೇಳಿದ್ದರೆ ಮೊಟ್ಟೆಯ ಗಲಾಟೆಯಲ್ಲಿ ಅರ್ಧ ತಾನೇ ಮುಗಿಯುತ್ತಿತ್ತು.

ಯಾಕೆಂದರೆ ಪರದೇಶದ ಅಡುಗೆಯವರು ಲೆಮನ್ ಅನ್ನುವುದು ನಮ್ಮ ಲಿಂಬೆಯನ್ನಲ್ಲ. ಅದು ಮುಷ್ಟಿ ತುಂಬುವ, ದಪ್ಪ ಸಿಪ್ಪೆಯ, ಎರಡು ತುದಿಗೂ ಮೂತಿ ಇರುವ ಹಣ್ಣು. ನಮ್ಮದು ತೆಳು ಸಿಪ್ಪೆಯ ಕಾಗಜಿ ಲಿಂಬೆ, ಅಮೆರಿಕದ ಫ್ಲಾರಿಡಾ ಕಡೆ ಕೀ ಲೈಮ್ ಅನ್ನುವ ಜಾತಿ. ಅವರ ಒಂದು ಹಣ್ಣು ಹಿಂಡಿದರೆ ಸುಮಾರು 45 ಮಿಲಿಲೀಟರ್ ರಸ. ನಮ್ಮ ಸಂತೆಯ ಲಿಂಬೆಯಲ್ಲಿ 15 ಬಂದರೆ ಪುಣ್ಯ. ಈಗ ಲೆಕ್ಕ ಹಾಕಿ. ರೆಸಿಪಿಯಲ್ಲಿ ‘ಮೂರು ಲೆಮನ್’ ಅಂತ ಇದೆ, ನೀವು ಮೂರು ಲಿಂಬೆ ಹಿಂಡುತ್ತೀರಿ, ಮೊಟ್ಟೆಯೂ ಮೂರು. ಬೇಕಾದ ರಸದಲ್ಲಿ ಮೂರನೇ ಒಂದು ಪಾಲು ಮಾತ್ರ ಬಿದ್ದಿದೆ. ಮೊಟ್ಟೆ ವಾಸನೆ ಹೊಡೆಯದೆ ಇನ್ನೇನು ಹೊಡೆದೀತು? ‘ನಾನು ಮಾಡಿದ್ದು ವಾಸನೆ ಬಂತು, ನಿಂದು ಬರೋದಿಲ್ಲ, ಅದು ಎಷ್ಟು ಹಾಕ್ತೆ?’ ಅಂತ ಕೇಳುವವರೇ, ಮೊಟ್ಟೆ ನಿಮ್ಮಷ್ಟೇ. ಲಿಂಬೆ ಎಂಟು. ಮಳೆಗಾಲದ ನೀರು ತುಂಬಿದ ಹಣ್ಣಾದರೆ ಏಳು, ಏಪ್ರಿಲ್‌ನಲ್ಲಿ ಒಂದಕ್ಕೆ ಎಂಟು ಹತ್ತು ರೂಪಾಯಿ ಕೊಟ್ಟು ತಂದ ಗುಂಡಿನಂಥ ಹಣ್ಣಾದರೆ ಹತ್ತು. ಹಣ್ಣು ಎಣಿಸಬೇಡಿ, ರಸ ಅಳೆಯಿರಿ: 120 ಮಿಲಿಲೀಟರ್.

ಇನ್ನು ಸಿಪ್ಪೆ. ಪರಿಮಳವೆಲ್ಲ ಮೇಲ್ಮೈಯ ಎಣ್ಣೆಯಲ್ಲಿ, ಅದರ ಕೆಳಗಿನ ಬಿಳಿ ಬರೀ ಕಹಿ. ನಮ್ಮ ಲಿಂಬೆಯ ಸಿಪ್ಪೆ ಎಷ್ಟು ತೆಳುವೆಂದರೆ ತುರಿಮಣೆ ಎರಡು ಸಲ ಆಡಿತೋ, ಬಿಳಿಗೆ ತಾಗಿತು. ಹಿತ್ತಿಲಲ್ಲಿ ದಪ್ಪ ಸಿಪ್ಪೆಯ ಗಜನಿಂಬೆ ಗಿಡ ಇತ್ತು, ಉಪ್ಪಿನಕಾಯಿಗೆ ಬಿಟ್ಟರೆ ಬೇರೆ ಕೆಲಸ ಇಲ್ಲದ್ದು. ಅದರ ಸಿಪ್ಪೆಯನ್ನು ಶುಂಠಿ ತುರಿಯುವ ಸಣ್ಣ ತುರಿಮಣೆಯಲ್ಲಿ ಹಗುರವಾಗಿ ತುರಿದು, ಅಳೆದಿಟ್ಟ ಸಕ್ಕರೆಯ ಮೇಲೆ ಉದುರಿಸಿ, ಬೆರಳ ತುದಿಯಲ್ಲಿ ತಿಕ್ಕುತ್ತೇನೆ. ಐದು ನಿಮಿಷದಲ್ಲಿ ಸಕ್ಕರೆ ಒದ್ದೆ ಮರಳಿನ ಹಾಗಾಗಿ ಮಾಸಲು ಹಳದಿಗೆ ತಿರುಗುತ್ತದೆ. ಆ ಹೊತ್ತಿಗೆ ಎದುರಿನ ಜಗುಲಿಯಲ್ಲಿ ಪೇಪರ್ ಓದುತ್ತಿರುವ ಮಾವ ‘ಎಂತ ಮಾಡ್ತಾ ಇದ್ಯೇ?’ ಅಂತ ಕೂಗಿದರೆ ಸಾಕಷ್ಟು ತಿಕ್ಕಿ ಆಯಿತು ಅಂತ ಅರ್ಥ. ಮಾವ ತಿನ್ನುವುದಿಲ್ಲ, ಪರಿಮಳಕ್ಕೆ ಮಡಿಯಿಲ್ಲ.

ಉಳಿದದ್ದು ಬೇಗ ಹೇಳುತ್ತೇನೆ. ತಳಕ್ಕೆ ಬೆಣ್ಣೆ 115 ಗ್ರಾಂ, ಮೈದಾ 130, ಸಕ್ಕರೆ 50. ಅಂಗಡಿಯ ಉಪ್ಪು ಬೆಣ್ಣೆಯಾದರೆ ಬೇರೆ ಉಪ್ಪು ಬೇಡ. ಕಡೆದ ಮನೆಬೆಣ್ಣೆಯಲ್ಲಿ ನೀರು ಜಾಸ್ತಿ, ತಳ ಗರಿಯಾಗುವುದಿಲ್ಲ, ಅದನ್ನು ತುಪ್ಪಕ್ಕೇ ಇಡಿ. ಟಿನ್ನಿಗೆ ಬಟರ್ ಪೇಪರ್ ಹಾಸಿ, ಒತ್ತಿ, 180 ಡಿಗ್ರಿಯಲ್ಲಿ ಇಪ್ಪತ್ತು ನಿಮಿಷ. ಅಷ್ಟರಲ್ಲಿ ಮೂರು ಮೊಟ್ಟೆ, ಆ ತಿಕ್ಕಿದ ಸಕ್ಕರೆ 200 ಗ್ರಾಂ, ರಸ, ಮೂರು ಚಮಚ ಮೈದಾ, ನೊರೆ ಏಳದ ಹಾಗೆ ಕದಡಿ. ಅಲ್ಯೂಮಿನಿಯಂ ಪಾತ್ರೆಯಲ್ಲಿ ಮಾತ್ರ ಬೇಡ, ಹುಳಿಗೆ ಲೋಹದ ರುಚಿ ಬಿಡುತ್ತದೆ. ತಳ ಬಿಸಿಯಿರುವಾಗಲೇ ಸುರಿದು ಮತ್ತೆ ಇಪ್ಪತ್ತು ನಿಮಿಷ. ಸಂಜೆ ತೋಟಗಳ ಪಂಪು ಶುರುವಾಗಿ ವೋಲ್ಟೇಜ್ ಬಿದ್ದಿದ್ದರೆ ಗಡಿಯಾರ ನಂಬಬೇಡಿ, ಟಿನ್ ಅಲ್ಲಾಡಿಸಿ ನೋಡಿ. ಅಂಚು ಗಟ್ಟಿಯಾಗಿ, ನಡು ತುಸುವೇ ನಡುಗಿದರೆ ತೆಗೆಯಿರಿ. ಫ್ರಿಜ್ಜಿನಲ್ಲಿ ಒಂದು ರಾತ್ರಿ. ಸಕ್ಕರೆ ಪುಡಿ ಬಡಿಸುವ ಹೊತ್ತಿಗೇ ಉದುರಿಸಿ, ಮೊದಲೇ ಹಾಕಿದರೆ ನೀರು ಕುಡಿದು ಮಾಯವಾಗುತ್ತದೆ.

ಆಗ್ತದಾ ಅಂತ ಕೇಳುವವರಿಗೆ ಇನ್ನು ಮೇಲೆ ಇದನ್ನೇ ಕಳಿಸುತ್ತೇನೆ. ದೊಡ್ಡಾಯಿಯೊಬ್ಬಳಿಗೆ ಬಿಟ್ಟು. ಅವಳು ಪ್ರತಿ ಚೌತಿಗೂ ಕೇಳುವುದು ಬೇರೆ: ‘ಆ ಗೊಜ್ಜು ಮಾಡಿದ್ದಿಲ್ಯನೇ ಈ ಸಲ?’ ಅಳತೆ ಬರೆದಿಟ್ಟಿಲ್ಲ, ಕರೆಂಟು ಹೋದ ಮೇಲೆ ಎಷ್ಟು ಹೊತ್ತು ಕೆದಕಿದೆನೋ ನೆನಪಿಲ್ಲ. ಎರಡು ವರ್ಷ ಪ್ರಯತ್ನಪಟ್ಟೆ. ಎರಡು ಸಲವೂ ಹಾಳಾದ್ದು ಗಟ್ಟಿಯಾಗಿ ಕೂತಿತು.