ಲೋಗೋದಲ್ಲೇ ನಿಂತ ಫೋನು

ಕಳೆದ ತಿಂಗಳು ಅಪ್‌ಡೇಟ್ ನಡುವೆ ಅಮ್ಮನ ಫೋನು ಲೋಗೋದಲ್ಲೇ ನಿಂತುಬಿಟ್ಟಾಗ, ಅದನ್ನು ಹಿಡಿದು ಬೆಂಗಳೂರಿನ ಎಸ್.ಪಿ. ರಸ್ತೆಯ ಪುಟ್ಟ ಅಂಗಡಿಯೊಂದಕ್ಕೆ ಹೋಗಿದ್ದೆ. ಅಲ್ಲಿನ ಹುಡುಗ ಗುಂಡಿಗಳನ್ನು ಒಟ್ಟಿಗೆ ಒತ್ತಿಹಿಡಿದು ಹೊರಗಿನಿಂದ ತಂತ್ರಾಂಶ ತುಂಬಿಸಲಿಕ್ಕಿರುವ ಡೌನ್‌ಲೋಡ್ ಮೋಡ್ ತೆರೆದು, ಕೇಬಲ್ಲನ್ನು ಲ್ಯಾಪ್‌ಟಾಪಿಗೆ ಸಿಕ್ಕಿಸಿ, ಅದೇ ಮಾಡೆಲ್ಲಿನ ಫರ್ಮ್‌ವೇರನ್ನು (ಫೋನನ್ನು ನಡೆಸುವ ಮೂಲ ತಂತ್ರಾಂಶವನ್ನು) ಫ್ಲ್ಯಾಶ್ ಮಾಡುವ, ಅಂದರೆ ಹೊಸದಾಗಿ ತುಂಬಿಸುವ ಮೊದಲು ಕೇಳಿದ: “ಜೀಮೇಲ್ ಪಾಸ್‌ವರ್ಡ್ ಗೊತ್ತಾ ಸಾರ್? ಇಲ್ಲಾಂದ್ರೆ ಲಾಕ್ ಬೀಳುತ್ತೆ.”

ಅವನು ಹೇಳಿದ್ದು ಎಫ್‌ಆರ್‌ಪಿ, ಅಂದರೆ ‘ಫ್ಯಾಕ್ಟರಿ ರೀಸೆಟ್ ಪ್ರೊಟೆಕ್ಷನ್’ ಎಂಬ ಬೀಗದ ಕುರಿತು. 2015ರಲ್ಲಿ ಆಂಡ್ರಾಯ್ಡ್ 5.1ರೊಂದಿಗೆ ಬಂದ ಈ ವ್ಯವಸ್ಥೆಯಿಂದಾಗಿ, ಫ್ಲ್ಯಾಶ್ ಮಾಡುವಾಗಲೋ, ಗುಂಡಿ ಒತ್ತಿ ತೆರೆಯುವ ರಿಕವರಿ ಮೆನುವಿನಿಂದಲೋ ಎಲ್ಲ ಅಳಿಸಿ ರೀಸೆಟ್ ಮಾಡಿದ ಫೋನು ಹಳೆಯ ಗೂಗಲ್ ಖಾತೆಯನ್ನೇ ಕೇಳುತ್ತದೆ. ಕಳ್ಳನಿಗೆ ಅಡ್ಡಿಯಾಗಲೆಂದು ಮಾಡಿದ್ದು ಮರೆವಿನ ಮಾಲೀಕರನ್ನೂ ಸಮನಾಗಿ ಕಾಡುತ್ತದೆ. ಇದನ್ನು ದಾಟಿಸುತ್ತೇವೆನ್ನುವ ಕ್ರ್ಯಾಕ್ ಮಾಡಿದ ತಂತ್ರಾಂಶಗಳು ಮೊದಲು ಆಂಟಿವೈರಸ್ಸನ್ನೇ ಆಫ್ ಮಾಡಲು ಹೇಳುವುದರಿಂದ, ನನಗಂತೂ ಅವುಗಳ ಮೇಲೆ ನಂಬಿಕೆಯಿಲ್ಲ. ಫೋನು ಆನ್ ಆಗುವಾಗ ಮೊದಲು ಓಡುವ ಬೂಟ್‌ಲೋಡರನ್ನು, ಬೇರೆ ತಂತ್ರಾಂಶ ಹಾಕಿಕೊಳ್ಳಲೆಂದು ಅನ್‌ಲಾಕ್ ಮಾಡುವುದು ಬೇರೆಯೇ ಸಂಗತಿ: ಹಲವು ಕಂಪನಿಗಳೇ ಅದಕ್ಕೆ ಅವಕಾಶ ಕೊಡುತ್ತವೆ, ಆದರೆ ಆಗ ಫೋನಿನಲ್ಲಿರುವ ಚಿತ್ರ, ಸಂದೇಶಗಳೆಲ್ಲ ಅಳಿಸಿಹೋಗುತ್ತವೆ. ಇನ್ನು ಪ್ರತಿ ಫೋನಿನ ಗುರುತಾದ 15 ಅಂಕಿಗಳ ಐಎಂಇಐ ಸಂಖ್ಯೆಯನ್ನು ತಿದ್ದುವುದು ರಿಪೇರಿಯಲ್ಲ, ನಮ್ಮ ದೇಶದಲ್ಲಿ ಅಪರಾಧ.

ಅಮ್ಮನ ಪಾಸ್‌ವರ್ಡ್ ಕೊನೆಗೂ ಸಿಕ್ಕಿದ್ದು ಅಡುಗೆಮನೆಯ ಕ್ಯಾಲೆಂಡರಿನಲ್ಲಿ, ಹಾಲಿನ ಲೆಕ್ಕದ ಕೆಳಗೆ.