ಗ್ರಿಬೊಯೆದೊವ್ ನಕ್ಷೆ: 1828ರ ಹಾಳೆ ಮುಗಿಯಿತು

ರಷ್ಯಾದ ರಾಜತಂತ್ರಜ್ಞ ಅಲೆಕ್ಸಾಂಡರ್ ಗ್ರಿಬೊಯೆದೊವ್‌ನ ಬದುಕನ್ನು ಉದ್ದನೆಯ ಕಾಗದದ ಸುರುಳಿಯ ಮೇಲೆ ಕಾಲರೇಖೆಯಾಗಿಯೂ ದಾರಿನಕ್ಷೆಯಾಗಿಯೂ ಬರೆಯುವ ಕೆಲಸ ಅರ್ಧ ದಾಟಿದೆ. ಅವನ ಪ್ರಯಾಣಗಳಿಗೆ ನೀಲಿ ಶಾಯಿ, ಸರ್ಕಾರಿ ಆದೇಶಗಳಿಗೆ ಕೆಂಪು. ವರ್ಷಕ್ಕೊಂದು ಗೇಣು ಎಂದು ಅಳತೆ ಇಟ್ಟುಕೊಂಡಿದ್ದೆ. 1828 ಅದಕ್ಕೆ ಬಗ್ಗಲಿಲ್ಲ. ಆ ಒಂದು ವರ್ಷಕ್ಕೆ ಪ್ರತ್ಯೇಕ ಹಾಳೆಯನ್ನೇ ಅಂಟಿಸಬೇಕಾಯಿತು.

ಮೊದಲ ಭಾಗ ಸಲೀಸಾಗಿ ಸಾಗಿತ್ತು. ಮಾಸ್ಕೊದಲ್ಲಿ ಹುಟ್ಟು, ಅಲ್ಲಿಯ ವಿಶ್ವವಿದ್ಯಾಲಯ, 1812ರಲ್ಲಿ ಕುದುರೆಪಡೆ, 1817ರಲ್ಲಿ ಪೀಟರ್ಸ್‌ಬರ್ಗ್‌ನ ವಿದೇಶಾಂಗ ಕಚೇರಿ. ಕವಿ ಪುಷ್ಕಿನ್ ಕೂಡ ಅದೇ ವರ್ಷ ಅದೇ ಕಚೇರಿ ಸೇರಿದವನು. ನರ್ತಕಿ ಇಸ್ತೋಮಿನಾಳ ವಿಷಯವಾಗಿ ನಡೆದ ದ್ವಂದ್ವಯುದ್ಧದಲ್ಲಿ ಶೆರೆಮೆತೆವ್ ಎಂಬ ತರುಣ ಸತ್ತ. ಆ ಪ್ರಕರಣದಲ್ಲಿ ಸಿಲುಕಿದ್ದ ಗ್ರಿಬೊಯೆದೊವ್ 1818ರಲ್ಲಿ ಪರ್ಷಿಯಾದ ನಿಯೋಗಕ್ಕೆ ಕಾರ್ಯದರ್ಶಿಯಾಗಿ ಹೊರಟ. ಹಳೆಯ ಜಗಳದ ಬಾಕಿ ಈಗಿನ ಜಾರ್ಜಿಯಾದ ರಾಜಧಾನಿಯಾದ ತಿಫ್ಲಿಸ್‌ನಲ್ಲಿ ತೀರಿತು: ಶೆರೆಮೆತೆವ್ ಕಡೆಯವನಾಗಿದ್ದ ಯಾಕುಬೊವಿಚ್‌ನ ಗುಂಡು ಎಡಗೈಗೆ ಬಿತ್ತು. ಅಲ್ಲೊಂದು ಸಣ್ಣ ಗುರುತು ಹಾಕಿದ್ದೇನೆ, ಏಕೆಂದರೆ ಮುಂದೆ ಶವವನ್ನು ಪತ್ತೆ ಹಚ್ಚುವಾಗ ಆ ಕೈಯೇ ಆಧಾರವಾಯಿತು.

ತಲೆನೋವು ತಂದದ್ದು ಪಂಚಾಂಗ. ರಷ್ಯಾದವರು ಆಗ ಜೂಲಿಯನ್ ಲೆಕ್ಕ ಹಿಡಿದಿದ್ದರು, ಅದು ನಮ್ಮ ಈಗಿನ ದಿನಾಂಕಕ್ಕಿಂತ 12 ದಿನ ಹಿಂದೆ. ಪರ್ಷಿಯಾದವರದ್ದು ಹಿಜರಿ. ಒಂದೇ ಘಟನೆಗೆ ಮೂರು ದಿನಾಂಕ. ಹಾಗಾಗಿ ಅಂಚಿನಲ್ಲಿ ಮೂರು ಕಾಲಮು ಎಳೆದು, ನಕ್ಷೆಯೊಳಗೆ ಈಗಿನ ಲೆಕ್ಕವನ್ನು ಮಾತ್ರ ಉಳಿಸಿದ್ದೇನೆ.

ಅವನ ಬಗ್ಗೆ ಬರೆಯುವವರೆಲ್ಲ ಕವಿಯನ್ನೇ ಮುಂದೆ ನಿಲ್ಲಿಸುತ್ತಾರೆ. ಸೆನ್ಸಾರ್ ತಡೆದರೂ ಕೈಬರಹದ ಪ್ರತಿಗಳಲ್ಲಿ ಊರೂರು ಸುತ್ತಿದ ಅವನ ಪದ್ಯನಾಟಕ, ಪಿಯಾನೊಗೆ ಬರೆದ ಎರಡು ವಾಲ್ಟ್ಸ್‌ಗಳು, ಹದಿಹರೆಯದ ಹೆಂಡತಿ. ನನಗೆ ಬೇಕಾದದ್ದು ಕಚೇರಿಯ ಮನುಷ್ಯ. ಕೆಂಪು ಶಾಯಿಯ ಸಾಲುಗಳನ್ನಷ್ಟೇ ಓದುತ್ತ ಹೋದರೆ ಒಂದು ಕೆಲಸ ಮತ್ತೆ ಮತ್ತೆ ಎದುರಾಗುತ್ತದೆ: ಗಡಿಯಾಚೆ ಉಳಿದ ಜನರನ್ನು ವಾಪಸು ಕರೆತರುವುದು. 1819ರಲ್ಲಿ ಪರ್ಷಿಯಾದ ತಬ್ರೀಜ್‌ನಿಂದ ರಷ್ಯಾದ ಸೆರೆಯಾಳುಗಳನ್ನೂ ಸೇನೆಯಿಂದ ಓಡಿಹೋಗಿದ್ದ ಸಿಪಾಯಿಗಳನ್ನೂ ಕಟ್ಟಿಕೊಂಡು ತಿಫ್ಲಿಸ್‌ವರೆಗೆ ನಡೆಸಿದವನು ಇವನೇ. ಹತ್ತು ವರ್ಷದ ನಂತರ ಪ್ರಾಣ ಹೋದದ್ದೂ ಇದೇ ಕೆಲಸದಲ್ಲಿ.

1826ರಲ್ಲಿ ಚಕ್ರವರ್ತಿಯ ವಿರುದ್ಧ ಸೇನಾಧಿಕಾರಿಗಳು ಎದ್ದಿದ್ದ ಡಿಸೆಂಬ್ರಿಸ್ಟ್ ದಂಗೆಯ ಶಂಕೆಯ ಮೇಲೆ ಬಂಧನ, ತಿಂಗಳುಗಳ ವಿಚಾರಣೆ, ಬಿಡುಗಡೆ. ಮತ್ತೆ ಕಾಕಸಸ್. ಅಷ್ಟರಲ್ಲಿ ಪರ್ಷಿಯಾದೊಂದಿಗೆ ಯುದ್ಧ ಶುರುವಾಗಿತ್ತು.

ಈಗ ಮುಗಿದ ಹಾಳೆ ಇಲ್ಲಿಂದ ಮುಂದಿನದು. 1828ರ ಫೆಬ್ರವರಿ 22ರಂದು ತುರ್ಕ್‌ಮೆಂಚಾಯ್ ಎಂಬ ಹಳ್ಳಿಯಲ್ಲಿ ಒಪ್ಪಂದಕ್ಕೆ ಸಹಿ ಬಿತ್ತು. ಸೇನಾಪತಿ ಪಾಸ್ಕೆವಿಚ್‌ನ ಪರವಾಗಿ ಮಾತುಕತೆಯಲ್ಲಿ ದುಡಿದವರಲ್ಲಿ ಗ್ರಿಬೊಯೆದೊವ್ ಪ್ರಮುಖ. ಎರವಾನ್ ಮತ್ತು ನಖಿಚೆವಾನ್ ಪ್ರಾಂತ್ಯಗಳು ರಷ್ಯಾಕ್ಕೆ, ಜೊತೆಗೆ ಹತ್ತು ಕುರೂರ್ ದಂಡ, ಅಂದರೆ 2 ಕೋಟಿ ಬೆಳ್ಳಿ ರೂಬಲ್. 13ನೆಯ ಕಲಮು ಎರಡೂ ಕಡೆಯ ಸೆರೆಯಾಳುಗಳನ್ನು ಬಿಟ್ಟುಕೊಡಬೇಕೆಂದಿತು. ಆ ಕಲಮಿನಿಂದ ಒಂದು ಕೆಂಪು ಗೆರೆ ಎಳೆದು ಹಾಳೆಯ ತುದಿಯ ಟೆಹರಾನ್‌ವರೆಗೆ ಒಯ್ದಿದ್ದೇನೆ. ಇಡೀ ನಕ್ಷೆಯಲ್ಲಿ ನನಗೆ ಅತ್ಯಂತ ಮುಖ್ಯವಾದ ಗೆರೆ ಅದು.

ಒಪ್ಪಂದದ ಪ್ರತಿ ಹೊತ್ತು ಪೀಟರ್ಸ್‌ಬರ್ಗ್ ತಲುಪಿದವನಿಗೆ ತೋಪುಗಳ ಸ್ವಾಗತ, ಪದಕ, ಬಹುಮಾನ. ಬೆನ್ನಿಗೇ ಅದೇ ಒಪ್ಪಂದವನ್ನು ಜಾರಿಗೊಳಿಸುವ ರಾಯಭಾರಿಯ ಹುದ್ದೆ. ಬರೆದವನೇ ವಸೂಲಿಗೂ ಹೋಗಬೇಕೆಂದು ಯಾವ ಜಾಣ ಮಂತ್ರಿ ಯೋಚಿಸಿದನೋ! ತಿಫ್ಲಿಸ್‌ನಲ್ಲಿ ನೀನೊ ಚವ್ಚವಾದ್ಜೆಯ ಜೊತೆ ಮದುವೆ, ತಬ್ರೀಜ್‌ವರೆಗೆ ಇಬ್ಬರ ಪ್ರಯಾಣ. ಅಲ್ಲಿ ಯುವರಾಜ ಅಬ್ಬಾಸ್ ಮಿರ್ಜಾ ದಂಡ ತುಂಬಲು ಅರಮನೆಯ ಚಿನ್ನದ ದೀಪಕಂಬಗಳನ್ನು ಟಂಕಸಾಲೆಗೆ ಕಳಿಸುತ್ತಿದ್ದ. ಗರ್ಭಿಣಿ ನೀನೊಳನ್ನು ತಬ್ರೀಜ್‌ನಲ್ಲೇ ಬಿಟ್ಟು ಗ್ರಿಬೊಯೆದೊವ್ ಚಳಿಗಾಲದಲ್ಲಿ ಟೆಹರಾನ್‌ಗೆ ಹೊರಟ. ಇಲ್ಲಿ ನೀಲಿ ಗೆರೆ ಒಂಟಿಯಾಗುತ್ತದೆ.

ಟೆಹರಾನ್‌ನಲ್ಲಿ ದೊರೆ ಫತಹ್ ಅಲಿ ಷಾನ ಅಂತಃಪುರದ ನಪುಂಸಕ ಅಧಿಕಾರಿ ಮಿರ್ಜಾ ಯಾಕೂಬ್ ಆಶ್ರಯ ಕೇಳಿ ಬಂದ. ಮೂಲತಃ ಎರವಾನ್‌ನ ಅರ್ಮೇನಿಯನ್, ಖಜಾನೆಯ ಒಳಗುಟ್ಟು ಬಲ್ಲವನು. ಷಾನ ಅಳಿಯ ಅಲ್ಲಾಹ್‌ಯಾರ್ ಖಾನನ ಮನೆಯಿಂದ ಇಬ್ಬರು ಹೆಂಗಸರೂ ಬಂದರು. ಕಲಮಿನ ಪ್ರಕಾರ ಅವರನ್ನು ಒಪ್ಪಿಸುವಂತಿರಲಿಲ್ಲ. ಊರಿನ ಮರ್ಯಾದೆಯ ಪ್ರಕಾರ ಇಟ್ಟುಕೊಳ್ಳುವಂತಿರಲಿಲ್ಲ. 1829ರ ಫೆಬ್ರವರಿ 11ರಂದು ಜನಸಮೂಹ ನಿಯೋಗದ ಮನೆಗೆ ನುಗ್ಗಿತು. ರಷ್ಯಾದ ಕಡೆಯ 37 ಜನ ಸತ್ತರು. ಅಧಿಕಾರಿಗಳ ಪೈಕಿ ಬದುಕಿದವನು ಕಾರ್ಯದರ್ಶಿ ಮಾಲ್ತ್ಸೊವ್ ಒಬ್ಬನೇ. ಗ್ರಿಬೊಯೆದೊವ್‌ನ ಹಠಮಾರಿತನವೇ ಕಾರಣ ಎಂದು ದೂರುವವರಿದ್ದಾರೆ. ಹಠವಿದ್ದೀತು, ಆದರೆ ಅದು ಅವನ ಸರ್ಕಾರವೇ ಸಹಿ ಮಾಡಿಸಿದ್ದ ಹಠ.

ಮುಂದಿನ ಹಾಳೆ ಷಾನ ಮೊಮ್ಮಗ ಖೊಸ್ರೊ ಮಿರ್ಜಾನದು. ಕ್ಷಮೆ ಕೇಳಲು ಪೀಟರ್ಸ್‌ಬರ್ಗ್‌ಗೆ ಬಂದ ಅವನು ತಂದ 88.7 ಕ್ಯಾರೆಟ್ಟಿನ ಷಾ ವಜ್ರವನ್ನು ಅಂಚಿನಲ್ಲಿ ಬಿಡಿಸಬೇಕು. ಈ ಕಲ್ಲು ದಖ್ಖನಿನಿಂದ ಹೋದದ್ದು. ಅದರ ಮೇಲೆ ಷಹಜಹಾನ್ ಮತ್ತು ಫತಹ್ ಅಲಿ ಷಾನ ಹೆಸರುಗಳಿಗೂ ಮೊದಲು, ನಮ್ಮ ಬಿಜಾಪುರದವರ ನೆರೆಯ ಅಹ್ಮದ್‌ನಗರದ ಬುರ್ಹಾನ್ ನಿಜಾಮ್ ಷಾನ ಹೆಸರು ಕೆತ್ತಿದೆ. ವಜ್ರವೇ ಕೊಲೆಗೆ ತೆತ್ತ ಬೆಲೆ ಎಂಬ ಮಾತು ಜನಪ್ರಿಯ. ನನ್ನ ಲೆಕ್ಕದ ಪಟ್ಟಿಯಲ್ಲಿ ಹಣ ಹರಿದದ್ದು ಇನ್ನೊಂದು ದಿಕ್ಕಿಗೆ: ತುರ್ಕಿಯ ಜೊತೆ ಯುದ್ಧದಲ್ಲಿದ್ದ ಚಕ್ರವರ್ತಿ ನಿಕೊಲಾಯ್ ಒಂದು ಕುರೂರ್ ಬಾಕಿಯನ್ನು ಮನ್ನಾ ಮಾಡಿ, ಇನ್ನೊಂದಕ್ಕೆ ಗಡುವು ವಿಸ್ತರಿಸಿದ. ಖೊಸ್ರೊ ಮಿರ್ಜಾನ ದಾರಿಗೆ ಹಸಿರು ಶಾಯಿ ತಂದಿಟ್ಟಿದ್ದೇನೆ.